ಎರಡೇ ಪದ ಹೇಳು

ಹೇಜಲ್‌ಫೋರ್ಡ್, ಪೆನ್ಸಿಲ್ವೇನಿಯಾ
ಭಾನುವಾರ, 3 ನವೆಂಬರ್ 2024

ನನ್ನ ಲಾಂಜೊ,

ಹೇಗಿದ್ದೀಯೋ? ವರ್ಲೀನ್ ಈ ಕಾಗದ ಓದುತ್ತಿದ್ದಾಳೆ, ನೀನು ವರಾಂಡದಲ್ಲಿ ನಿನ್ನ ಅಗಲ ಕುರ್ಚಿಯ ಮೇಲೆ ಕೂತು ಕೇಳುತ್ತಿದ್ದೀಯ ಎಂದುಕೊಂಡು ಬರೆಯುತ್ತಿದ್ದೇನೆ. ತಡವಾಯಿತು, ಬೈಯಬೇಡ. ಹಳೆಯ ಸಂಗತಿಗಳನ್ನೆಲ್ಲ ಬರೆದು ಕಳಿಸು, ದಿನಾ ಸ್ವಲ್ಪ ಓದಿ ಹೇಳಿದರೆ ಒಳ್ಳೆಯದು ಅಂತ ಡಾಕ್ಟರು ಹೇಳಿದ್ದಾರೆ ಎಂದು ನಿನ್ನ ಹೆಂಡತಿ ಫೆಬ್ರವರಿಯಲ್ಲೇ ಕೇಳಿದ್ದಳು. ಈಗ ನವೆಂಬರ್. ನಡುವೆ ನಾಲ್ಕು ಸಲ ಕೂತೆ, ನಾಲ್ಕು ಸಲವೂ ಹರಿದು ಹಾಕಿದೆ. ಬೆರಳಿನ ಮೇಲೆ ತಪ್ಪು ಹಾಕಬಹುದಿತ್ತು. ಬಲಗೈಯ ಉಂಗುರದ ಬೆರಳು ಈಗ ಪೂರ್ತಿ ಪಕ್ಕಕ್ಕೆ ತಿರುಗಿಕೊಂಡಿದೆ. ನಾನು ಪೆನ್ನು ಹಿಡಿದರೆ ಅದು ಪಕ್ಕದ ಮನೆಯವರನ್ನು ತೋರಿಸುತ್ತಿರುತ್ತದೆ. ಆದರೆ ಕಾರಣ ಅದಲ್ಲ.

ಮೊದಲು ಮನೆಯ ಸುದ್ದಿ. ಅಮ್ಮನಿಗೆ ಎಂಬತ್ತೊಂದು ತುಂಬಿತು. ಕಿವಿ ಮಂದವಾಗಿದೆ, ಬಾಯಿ ಹಾಗೇ ಇದೆ. ಹೋದ ವಾರ ಹೋಲುಬ್ಕಿ ಮಾಡಿದಳು. ಎಲೆಕೋಸಿನ ಒಂದೊಂದೇ ಎಲೆಯಲ್ಲಿ ಮಾಂಸ, ಅನ್ನ ಸುತ್ತುತ್ತ ಕೂತಿದ್ದವಳು ತಲೆಯೆತ್ತಿ, "ಆ ದೊಡ್ಡ ಹುಡುಗ ಹೇಗಿದಾನೆ? ಸರಿಯಾಗಿ ಉಣ್ತಾನಾ?" ಎಂದು ಕೇಳಿದಳು. ನಿನ್ನ ಹೆಸರು ಅವಳಿಗೆ ಎಂದೂ ನಾಲಿಗೆಗೆ ಹತ್ತಲಿಲ್ಲ, ನೀನು ಅವಳಿಗೆ ಇಂದಿಗೂ ದೊಡ್ಡ ಹುಡುಗನೇ. ನೀನು ಮೊದಲ ಸಲ ನಮ್ಮ ಮನೆಗೆ ಬಂದಾಗ ಇಪ್ಪತ್ತಮೂರು ತಿಂದಿದ್ದೆ. ಅಮ್ಮ ಎದೆಯ ಮೇಲೆ ಶಿಲುಬೆ ಗುರುತು ಹಾಕಿಕೊಂಡು, "ಇವನಿಗೆ ಇರೋದು ಹೊಟ್ಟೆಯೋ, ನೆಲಮಾಳಿಗೆಯೋ?" ಎಂದಳು. ನೀನು ಬಾಯಿ ಒರೆಸಿಕೊಂಡು, "ನೆಲಮಾಳಿಗೆ ತುಂಬ್ತು ಅಮ್ಮ, ಇನ್ನು ಬಡಿಸೋದನ್ನ ಅಟ್ಟಕ್ಕೆ ಹಾಕ್ತೀನಿ" ಎಂದೆ. ಅವತ್ತಿನಿಂದ ಅವಳ ಕಣ್ಣಿಗೆ ನಾನು ಎರಡನೆಯ ಮಗ.

ಆಗ ತಿನ್ನುವುದೂ ನಮ್ಮ ಕೆಲಸವೇ ಆಗಿತ್ತಲ್ಲ. ಹಸಿವಿರಲಿ ಬಿಡಲಿ, ಮುನ್ನೂರು ಪೌಂಡಿಗೆ ಕಡಿಮೆಯಾದರೆ ಫುಟ್‌ಬಾಲ್ ಮೈದಾನದಲ್ಲಿ ಎದುರಿನವನು ನಮ್ಮನ್ನು ಬಾಗಿಲಿನ ಹಾಗೆ ತಳ್ಳಿಕೊಂಡು ಒಳಗೆ ಬರುತ್ತಿದ್ದ. ಈಗ ನಾನು ತೂಕ ಇಳಿಸಿದ್ದೇನೆ. ಹಳೆಯ ಅಂಗಿಗಳು ನನ್ನ ಮೇಲೆ ಒಣಹಾಕಿದ ಹಾಗೆ ಕಾಣುತ್ತವೆ. ಮೊಣಕಾಲು ಎರಡೂ ಲೋಹದ್ದು. ಶಾಲೆಯಲ್ಲಿ ಮುಂದಿನ ಸಾಲಿನಲ್ಲಿ ಎದುರಾಳಿಗಳನ್ನು ತಡೆಯುವ ಲೈನಿನ ಹುಡುಗರಿಗೆ ಹೇಳಿಕೊಡುವಾಗ ಕುಕ್ಕರುಗಾಲಿನಲ್ಲಿ ಕೂತು ತೋರಿಸಲು ಆಗುವುದಿಲ್ಲ, ನಿಂತೇ ಬೈಯುತ್ತೇನೆ. ಈ ವರ್ಷದ ಪಂದ್ಯಗಳು ಮುಗಿದ ಮೇಲೆ ಆ ಕೆಲಸ ಬಿಡುತ್ತಿದ್ದೇನೆ.

ಬರೆಯಲು ಕೂತದ್ದಕ್ಕೆ ಇನ್ನೊಂದು ಕಾರಣವಿದೆ. ಹಳೆಯ ಆಟಗಾರರ ತಲೆಪೆಟ್ಟಿನ ಅರ್ಜಿ ನೋಡುವ ವೈದ್ಯ ಮಂಡಳಿಯವರು ಜೂನ್‌ನಲ್ಲಿ ನಿನ್ನ ಅರ್ಜಿಯನ್ನು ತಳ್ಳಿಹಾಕಿದರು. ನಿನ್ನಂಥವರನ್ನು ನೋಡಿಕೊಳ್ಳುವ ಮನೆಯಲ್ಲಿ ಜಾಗ ಸಿಗುತ್ತದೆಂದು ವರ್ಲೀನ್ ಕಾದಿದ್ದಳು, ಸಿಗಲಿಲ್ಲ. ಅವರ ಪತ್ರದಲ್ಲಿ, ಈತನ ನೆನಪಿನ ಶಕ್ತಿ ಆಟಕ್ಕೆ ಸೇರಿದ ದಿನದಿಂದಲೂ ಕಡಿಮೆಯೇ, ಆದ್ದರಿಂದ ಆಟದಿಂದ ಹಾನಿಯಾಗಿದೆ ಎನ್ನಲಾಗದು ಎಂದಿತ್ತಂತೆ. ವರ್ಲೀನ್ ಫೋನಿನಲ್ಲಿ ಅಳಲಿಲ್ಲ, ಕೂಗಾಡಿದಳು. "ನನ್ನ ಗಂಡ ಹುಟ್ಟಾ ದಡ್ಡ ಅಂತ ಬರೆದು ಕಳಿಸಿದಾರೆ ಎಮಿಲ್! ಸೀಲು ಬೇರೆ ಒತ್ತಿದಾರೆ!" ಎಂದಳು. ಅದಕ್ಕೇ ನಿನ್ನ ನೆನಪು ಎಂಥದಿತ್ತು ಎಂದು ಯಾರಾದರೂ ಬರೆದಿಡಬೇಕು. ನನಗಿಂತ ಚೆನ್ನಾಗಿ ಬಲ್ಲವರು ಇನ್ಯಾರು?

ಕೇಳು. ನೀನು ತಂಡಕ್ಕೆ ಬಂದದ್ದು 2000ದ ಜುಲೈಯಲ್ಲಿ. ನಾನಾಗ ನಾಲ್ಕು ವರ್ಷ ಹಳಬ. ಅಲಬಾಮದಿಂದ ಬಂದ ಇಪ್ಪತ್ತೆರಡರ ಹುಡುಗ, ಕೈಯಲ್ಲಿ ಅಮ್ಮ ಕಟ್ಟಿಕೊಟ್ಟ ಕೇಕಿನ ಡಬ್ಬ. ತಂಡದ ಆಟಗಳೆಲ್ಲ ಇರುವ ದಪ್ಪ ಪುಸ್ತಕ ಕೊಟ್ಟರು. ನಮಗೆಲ್ಲ ಅದನ್ನು ಅರಗಿಸಿಕೊಳ್ಳಲು ಎರಡು ತಿಂಗಳು ಬೇಕು. ನೀನು ಆರನೆಯ ದಿನ ನನ್ನ ಕೆಲಸ, ನಿನ್ನ ಕೆಲಸ, ಆಚೆ ತುದಿಯವನ ಕೆಲಸ ಎಲ್ಲ ಗಿಳಿಯಂತೆ ಒಪ್ಪಿಸಿದೆ. "ಎಲ್ಲಿ ಕಲಿತೆಯೋ?" ಎಂದು ನಾನು ಕೇಳಿದೆ. "ಚರ್ಚಿನಲ್ಲಿ ಗುರು. ನಮ್ಮಜ್ಜಿ ಕೀರ್ತನೆ ಬಾಯಿಪಾಠ ಬರದಿದ್ರೆ ಕೋಳಿ ಬಡಿಸ್ತಿರಲಿಲ್ಲ" ಎಂದೆ ನೀನು.

ಆ ವಾರವೇ ತಲೆಯ ಪರೀಕ್ಷೆ. ಕಾಗದದ ಹಲಗೆ ಹಿಡಿದ ಒಬ್ಬಾಕೆ ಐದು ಪದ ಹೇಳುತ್ತಾಳೆ, ಬೇರೆ ಏನೇನೋ ಕೇಳುತ್ತಾಳೆ, ಆಮೇಲೆ ಆ ಐದನ್ನು ಹೇಳು ಎನ್ನುತ್ತಾಳೆ. ಮುಂದೆ ಯಾವಾಗಲಾದರೂ ತಲೆಗೆ ಪೆಟ್ಟು ಬಿದ್ದರೆ ಹೋಲಿಸಿ ನೋಡಲು ಆ ಲೆಕ್ಕ ಕಡತದಲ್ಲಿರುತ್ತದೆ. ನೀನು ಎರಡೇ ಹೇಳಿ ಎದ್ದು ಬಂದೆ. ಯಾಕೆ ಎಂಬುದು ಈಗ ಬೇಡ. ಊಟದ ಮೇಜಿನಲ್ಲಿ ನನ್ನ ಎದುರು ಕೂತು, "ಏಣಿ, ನಿಂಬೆಹಣ್ಣು, ಸೇತುವೆ, ಕಂಬಳಿ, ಗಂಟೆ" ಎಂದು ಐದನ್ನೂ ಹೇಳಿ ಕಣ್ಣು ಮಿಟುಕಿಸಿದೆ. ಅಲ್ಲಿಂದ ಅದು ನಮ್ಮಿಬ್ಬರ ನಮಸ್ಕಾರವಾಯಿತು. ನಿನ್ನ ಮದುವೆಯಲ್ಲಿ ಹಾರೈಸಲು ಎದ್ದು ನಿಂತವನು ನಾನು ಅಷ್ಟೇ ಹೇಳಿ ಕೂತೆ. ವರ್ಲೀನ್ ಕಡೆಯವರು ನನಗೆ ಏರಿದೆ ಎಂದುಕೊಂಡರು.

ಎಂಟು ವರ್ಷ ಅಕ್ಕಪಕ್ಕ ಕೂತೆವು. ನಾನು ನಡುವಿನ ಸೆಂಟರ್, ನನ್ನ ಎಡಕ್ಕೆ ಗಾರ್ಡ್ ನೀನು. ಚೆಂಡನ್ನು ಕಾಲುಗಳ ಸಂದಿಯಿಂದ ಹಿಂದಿನವನ ಕೈಗೆ ಕೊಡುವುದು, ಕೊಟ್ಟ ಮರುಕ್ಷಣ ಎದುರು ನುಗ್ಗಿ ಬರುವವನಿಗೆ ಗೋಡೆಯಾಗುವುದು. ಅಷ್ಟೇ ನಮ್ಮ ಬಾಳು. ಚೆಂಡು ಎಸೆದವನಿಗೆ ಚಪ್ಪಾಳೆ, ಹಿಡಿದವನಿಗೆ ಚಪ್ಪಾಳೆ. ಮೈಕಿನಲ್ಲಿ ನಮ್ಮ ನಂಬರು ಬರುವುದು ನಾವು ಯಾರದೋ ಅಂಗಿ ಹಿಡಿದು ಎಳೆದು ಸಿಕ್ಕಿಬಿದ್ದಾಗ ಮಾತ್ರ. "ನಮ್ಮವ್ವ ಟಿವಿ ಮುಂದೆ ನನ್ನ ನಂಬರು ಬರದೆ ಇರಲಿ ಅಂತ ಪ್ರಾರ್ಥನೆ ಮಾಡ್ತಾಳೆ" ಎನ್ನುತ್ತಿದ್ದೆ ನೀನು.

ಬೇರೆ ಊರಿನ ಮೈದಾನಗಳಲ್ಲಿ ಎಪ್ಪತ್ತು ಸಾವಿರ ಜನ ಬಾಯಿ ಬಡಿದುಕೊಳ್ಳುವಾಗ ಹಿಂದಿನವನ ಕೂಗು ಕೇಳುವುದಿಲ್ಲ. ಬಗ್ಗಿ ಕೂತ ನನಗೆ ಕಾಣುವುದೂ ಇಲ್ಲ. ಆಗ ನೀನು ತಿರುಗಿ ನೋಡುತ್ತಿದ್ದೆ. ಹಿಂದಿನವನು ಪಾದ ಎತ್ತಿದೊಡನೆ ನನ್ನ ತೊಡೆಗೆ ಎರಡು ಬೆರಳಲ್ಲಿ ಒಂದು ತಟ್ಟು. ನಾನು ತಲೆಯೆತ್ತಿ, ಒಂದು ಎಣಿಸಿ, ಚೆಂಡು ಬಿಡುತ್ತಿದ್ದೆ. ಆ ಎಂಟು ವರ್ಷದಲ್ಲಿ ನಾನು ಜಗತ್ತಿನಲ್ಲಿ ನಂಬಿದ್ದು ಆ ಎರಡು ಬೆರಳನ್ನು. ಲಗ್ನವಾದವಳನ್ನೂ ಅಷ್ಟು ನಂಬಲಿಲ್ಲ, ಅದಕ್ಕೇ ಅವಳು ಬಿಟ್ಟು ಹೋದಳು.

2004ರ ಡಿಸೆಂಬರಿನ ಆ ಹಿಮದ ಪಂದ್ಯದ ಕಥೆ ನಿನಗೆ ಇಷ್ಟ, ಎಷ್ಟು ಸಲ ಹೇಳಿಸಿದ್ದೀಯ. ಮೂರನೆಯ ಭಾಗದಲ್ಲಿ ಯಾರದೋ ಮೊಣಕಾಲು ನಿನ್ನ ಹೆಲ್ಮೆಟ್ಟಿಗೆ ಬಡಿಯಿತು. ನೀನು ಎದ್ದೆ, ಹಿಮ ಕೊಡವಿಕೊಂಡೆ, ಗಂಭೀರವಾಗಿ ನಡೆದು ಹೋಗಿ ಎದುರಾಳಿಗಳ ಗುಂಪಿನಲ್ಲಿ ತಲೆ ತಗ್ಗಿಸಿ ನಿಂತೆ! ಅವರ ನಾಯಕ, "ಏನಪ್ಪಾ, ನಮ್ಮ ಪಾರ್ಟಿಗೆ ಸೇರ್ಕೊಂಡ್ಯಾ?" ಎಂದ. ನಾನು ಓಡಿಬಂದು ಸೊಂಟದ ಪಟ್ಟಿ ಹಿಡಿದು ನಿನ್ನನ್ನು ಎಳೆದುಕೊಂಡು ಹೋದೆ. ಪ್ರತಿ ಔತಣದಲ್ಲೂ ಈ ಕಥೆಗೆ ಮೇಜು ಗುದ್ದಿ ನಗುತ್ತಿದ್ದೆವು. ನೀನೇ ಎಲ್ಲರಿಗಿಂತ ಜೋರಾಗಿ ನಗುತ್ತಿದ್ದೆ.

ಹೋದ ತಿಂಗಳು ನಾನು ಬಂದಿದ್ದೆ, ನೆನಪಿದೆಯಾ? ಇರದಿದ್ದರೆ ಚಿಂತೆಯಿಲ್ಲ, ಹೇಳುತ್ತೇನೆ. ವರ್ಲೀನ್ ಬೆಕ್ಕುಮೀನು ಕರಿದಿದ್ದಳು, ಜೋಳದ ರೊಟ್ಟಿ ಮಾಡಿದ್ದಳು. ನೀನು ನನ್ನನ್ನು 'ಸರ್' ಎಂದೆ. ನಿನ್ನ ಬಾಯಲ್ಲಿ ಗುರು, ಮುದುಕ, ಕತ್ತೆ ಎಲ್ಲ ಅನ್ನಿಸಿಕೊಂಡವನು ನಾನು, ಸರ್ ಅನ್ನಿಸಿಕೊಂಡದ್ದು ಅದೇ ಮೊದಲು. ವರ್ಲೀನ್ ನಿನ್ನ ಬಟನ್ ಹಾಕುತ್ತ, "ಇವರಿಗೆ ಒಂದು ಚಾಳಿ ಹತ್ತಿದೆ. ಚರ್ಚಿನಲ್ಲಿ ಪಕ್ಕ ಕೂತಾಗ ನನ್ನ ತೊಡೆ ತಟ್ತಾರೆ. ಯಾಕೆ ಅಂದ್ರೆ ಹೇಳಲ್ಲ. ತಟ್ಟಿ, ನನ್ನ ಮುಖ ನೋಡ್ತಾರೆ, ಏನೋ ಮಾಡ್ಬೇಕು ನಾನು ಅನ್ನೋ ಹಾಗೆ" ಎಂದಳು. ಈಗ ಅವಳಿಗೂ ಗೊತ್ತಾಗಿರಬೇಕು. ವರ್ಲೀನ್, ಇನ್ನು ಮೇಲೆ ಅವನು ತಟ್ಟಿದರೆ ತಲೆಯೆತ್ತಿ, ಒಂದು ಎಣಿಸಿ, ಅವನ ಕೈ ಹಿಡಿದುಕೋ. ಚೆಂಡು ಹೋಯಿತು ಎಂದು ಸಮಾಧಾನವಾಗುತ್ತದೆ.

ಇವತ್ತು ಭಾನುವಾರ. ಟಿವಿಯಲ್ಲಿ ಆಟ ನಡೆಯುತ್ತಿದೆ, ಧ್ವನಿ ನಿಲ್ಲಿಸಿದ್ದೇನೆ. ಎಲ್ಲರೂ ಚೆಂಡು ನೋಡುತ್ತಾರೆ, ನಾನು ನಡುವಿನ ಇಬ್ಬರನ್ನು ನೋಡುತ್ತೇನೆ. ಬೆಳಿಗ್ಗೆ ಚರ್ಚಿನಲ್ಲಿ ನಿನ್ನ ಹೆಸರಿನಲ್ಲಿ ಮೇಣದಬತ್ತಿ ಹಚ್ಚಿ ಬಂದೆ. ದೇವರು ನಿನ್ನ ತಲೆಯ ಮೇಲೆ ಕೈಯಿಟ್ಟು ಕಾಯಲಿ. ವರ್ಲೀನ್‌ಳ ತೋಳಿಗೆ ಬಲ ಕೊಡಲಿ. ನಿನಗೆ ಒಳ್ಳೆಯ ಹಸಿವು, ಒಳ್ಳೆಯ ನಿದ್ದೆ ಬರಲಿ. ಅಮ್ಮ ಇಪ್ಪತ್ತಮೂರು ಮುತ್ತು ಕಳಿಸಿದ್ದಾಳೆ.

ನಿನ್ನ ಬಲಗಡೆಯವನು,
ಎಮಿಲ್ ಹುಡಾಕ್

ಬರೆಯದೆ ಉಳಿದದ್ದು: ವರ್ಲೀನ್, ಇಲ್ಲಿಂದ ಮುಂದೆ ಅವನಿಗೆ ಓದಬೇಡ. ಒಳಗೆ ಹೋಗಿ ಒಬ್ಬಳೇ ಓದು.

ಫೆಬ್ರವರಿಯಲ್ಲಿ ನೀನು ನನ್ನಲ್ಲಿ ಕೇಳಿದ್ದು ಹಳೆಯ ಕಥೆಗಳನ್ನಷ್ಟೇ ಅಲ್ಲ. ಮಂಡಳಿಯವರು ಆ ಹಳೆಯ ಪರೀಕ್ಷೆಯ ಲೆಕ್ಕ ಮುಂದಿಟ್ಟಿದ್ದಾರೆ, ಲಾಂಜೊ ಅದನ್ನು ಬೇಕೆಂದೇ ಕೆಡಿಸಿರಬೇಕು, ಬಲ್ಲವರು ಯಾರಾದರೂ ಅವರಿಗೆ ಹೇಳಬೇಕು ಎಂದೆ. "ನನ್ನ ಕೈಲಿ ಇನ್ನು ಅವರನ್ನ ಎತ್ತೋಕಾಗಲ್ಲ ಎಮಿಲ್. ಸ್ನಾನದ ಮನೇಲಿ ಬಿದ್ರೆ ಪಕ್ಕದ ಮನೆಯವರು ಕೆಲಸದಿಂದ ಬರೋವರೆಗೂ ಇಬ್ರೂ ನೆಲದ ಮೇಲೆ ಕೂತಿರ್ತೀವಿ. ನಿನಗೇನಾದ್ರೂ ಗೊತ್ತಿದ್ರೆ ಹೇಳಣ್ಣ" ಎಂದೆ. ಅಷ್ಟು ವರ್ಷದಲ್ಲಿ ನೀನು ನನ್ನನ್ನು ಅಣ್ಣ ಎಂದದ್ದು ಅದೊಂದೇ ಸಲ.

ನನಗೆ ಗೊತ್ತಿತ್ತು. ಹೇಳಿಕೊಟ್ಟವನೇ ನಾನು. ಪರೀಕ್ಷೆಯ ಕೋಣೆಯ ಹೊರಗೆ ಆ ಹುಡುಗನ ಭುಜದ ಮೇಲೆ ಕೈಹಾಕಿ, "ಐದೂ ಹೇಳ್ಬೇಡ ಕಣೋ, ಎರಡೇ ಪದ ಹೇಳು. ನಾಳೆ ಪೆಟ್ಟು ಬಿದ್ದಾಗ ಎರಡು ಹೇಳಿದ್ರೂ ಪಾಸು, ಆಟದಿಂದ ಕೂರಿಸಲ್ಲ" ಎಂದೆ. ನನಗೆ ನನ್ನ ಹಿರಿಯರು ಹಾಗೇ ಹೇಳಿಕೊಟ್ಟಿದ್ದರು. ಲೈನಿನವರಲ್ಲಿ ಅದು ದೊಡ್ಡ ಜಾಣತನ. ನಾನು ಉಪಕಾರ ಮಾಡುತ್ತಿದ್ದೇನೆ ಎಂದುಕೊಂಡಿದ್ದೆ.

ಆ ಹಿಮದ ಪಂದ್ಯವನ್ನು ನಗುವ ಕಥೆ ಮಾಡಿದವನೂ ನಾನೇ. ನಡೆದದ್ದು ಬೇರೆ. ಎಳೆದು ತಂದ ಮೇಲೂ ಅವನು ನಿಲ್ಲುತ್ತಿರಲಿಲ್ಲ. ನಾನು ಹಿಂದಿನಿಂದ ಪಟ್ಟಿ ಹಿಡಿದು ಅವನನ್ನು ನೆಟ್ಟಗೆ ನಿಲ್ಲಿಸಿದ್ದೆ. ಅಂಚಿನಿಂದ ಚಿಕಿತ್ಸಕ, "ಅವನು ಸರಿ ಇದಾನಾ?" ಎಂದು ಕೂಗಿದ. ನಾನು ಹೆಬ್ಬೆರಳು ಎತ್ತಿ ತೋರಿಸಿದೆ. ಅಂದು ಇನ್ನೂ ಹತ್ತೊಂಬತ್ತು ಸಲ ಚೆಂಡು ಬಿಟ್ಟೆ, ಹತ್ತೊಂಬತ್ತು ಸಲವೂ ಅವನು ಎದ್ದು ಹೋಗಿ ತಲೆ ಕೊಟ್ಟ. ಯಾಕೆ ಹಾಗೆ ಮಾಡಿದೆ ಎಂದು ಕೇಳುತ್ತೀಯ. ಆ ವರ್ಷ ನನ್ನ ಮೊಣಕಾಲು ಹೋಗಿತ್ತು, ತಂಡದವರಿಗೆ ಗೊತ್ತಿರಲಿಲ್ಲ. ಲಾಂಜೊ ತನ್ನ ಎದುರಿನವನನ್ನು ಒಂದು ಕೈಯಲ್ಲಿ ತಡೆದು ನನ್ನವನಿಗೆ ಇನ್ನೊಂದು ಭುಜ ಕೊಡುತ್ತಿದ್ದ. ಅವನನ್ನು ಕೂರಿಸಿ ಬೇರೆಯವನನ್ನು ತಂದಿದ್ದರೆ ಒಂದೇ ಪಂದ್ಯದಲ್ಲಿ ನನ್ನ ಬಣ್ಣ ಬಯಲಾಗುತ್ತಿತ್ತು. ನನ್ನನ್ನು ಉಳಿಸಿಕೊಳ್ಳಲು ಅವನನ್ನು ನಿಲ್ಲಿಸಿದೆ.

ಸೋಮವಾರ ಅದೇ ಹೆಂಗಸು ಬೇರೆ ಐದು ಪದ ಕೇಳಿದಳು. ಹಳೆಯದೂ ಎರಡು, ಹೊಸದೂ ಎರಡು, ವ್ಯತ್ಯಾಸವಿಲ್ಲ ಎಂದು ಸಹಿ ಹಾಕಿ ಕಳಿಸಿದಳು. ಅವನು ಹೊರಗೆ ಬಂದು ನನ್ನ ಕಿವಿಯಲ್ಲಿ, "ಗುರು, ಈ ಸಲ ನಾನು ಬೇಕಂತ ಮಾಡಿಲ್ಲ. ನಿಜವಾಗ್ಲೂ ಎರಡೇ ಬಂತು" ಎಂದ. ಹೆದರಿದ್ದ. ನಾನು ಬೆನ್ನು ಗುದ್ದಿ, "ಒಳ್ಳೇದೇ ಆಯ್ತಲ್ಲ" ಎಂದೆ.

ಏಪ್ರಿಲ್‌ನಲ್ಲಿ ಮಂಡಳಿಯಿಂದ ಫೋನ್ ಬಂತು. ನೀನೇ ನನ್ನ ಹೆಸರು ಕೊಟ್ಟಿದ್ದೆ. "ನನಗೆ ಅಂಥದ್ದೇನೂ ಗೊತ್ತಿಲ್ಲ" ಎಂದುಬಿಟ್ಟೆ. ಶಾಲೆಯ ಕೆಲಸ ಹೋಗುತ್ತದೆ ಎಂಬ ಭಯವಿತ್ತು. ಅದಕ್ಕಿಂತ, ಅವನಿಗೆ ಹೇಳಿಕೊಟ್ಟವರು ಯಾರು ಎಂದು ನೀನು ಕೇಳುತ್ತೀಯಲ್ಲ, ಆ ಭಯ. ಜೂನ್‌ನಲ್ಲಿ ನೀನು ಫೋನಿನಲ್ಲಿ ಕೂಗಾಡುವಾಗ ಮಂಡಳಿಯವರನ್ನು ಬೈಯುತ್ತಿದ್ದೆ. ನಾನೂ ನಿನ್ನ ಜೊತೆ ಸೇರಿ ಬೈದೆ.

ಅಕ್ಟೋಬರ್‌ನಲ್ಲಿ ನಿಮ್ಮನ್ನು ನೋಡಿ ಬಂದ ಮೇಲೆ ತಡೆಯಲಾಗಲಿಲ್ಲ. ಇಪ್ಪತ್ತೆರಡಕ್ಕೆ ನಾನೇ ಮಂಡಳಿಯ ಕಚೇರಿಗೆ ಹೋಗಿ ಎಲ್ಲ ಹೇಳಿದೆ. ಅವರ ವಕೀಲೆ ಮರ್ಯಾದೆಯವಳು, ಕಾಫಿ ಕೊಟ್ಟಳು, ಪೂರ್ತಿ ಕೇಳಿದಳು. ಆಮೇಲೆ ಒಂದು ಹಳೆಯ ಹಾಳೆ ನನ್ನ ಮುಂದಿಟ್ಟಳು. ಅದು ಲಾಂಜೊನದಲ್ಲ, ನನ್ನದು. ಐದಕ್ಕೆ ಎರಡು. "ಹುಡಾಕ್ ಅವರೇ, ಈ ದಾಖಲೆ ಪ್ರಕಾರ ಐದು ನಿಮಿಷದ ಹಿಂದಿನ ಮಾತೇ ನಿಮಗೆ ನೆನಪಿರಲ್ಲ. ಇಪ್ಪತ್ನಾಲ್ಕು ವರ್ಷದ ಹಿಂದೆ ಒಬ್ಬರ ಕಿವಿಯಲ್ಲಿ ಹೇಳಿದ್ದು ನೆನಪಿದೆ ಅಂತೀರಾ?" ಎಂದಳು. "ಅದನ್ನೂ ಬೇಕಂತಲೇ ಕೆಡಿಸಿದ್ದೆ ಮೇಡಂ" ಎಂದೆ. "ಏಪ್ರಿಲ್‌ನಲ್ಲಿ ಗೊತ್ತಿಲ್ಲ ಅಂದಿದ್ರಿ. ಈಗ ನಿಮ್ಮನ್ನ ಮರೆಯೋರು ಅಂತ ಬರ್ಕೊಳ್ಲಾ, ಸುಳ್ಳು ಹೇಳೋರು ಅಂತ ಬರ್ಕೊಳ್ಲಾ?" ಎಂದಳು. ತೀರ್ಪು ಬದಲಾಗುವುದಿಲ್ಲ ಎಂದು ಗುರುವಾರ ಕಾಗದ ಬಂತು. ನಿನಗೂ ಬರುತ್ತದೆ. ಅದಕ್ಕೆ ಮೊದಲು ನನ್ನದು ನಿನಗೆ ತಲುಪಲಿ ಎಂದು ಇವತ್ತು ಬರೆದೆ.

ಕ್ಷಮಿಸು ಎಂದು ಕೇಳುವ ಮುಖ ನನಗಿಲ್ಲ. ಡಿಸೆಂಬರಿಗೆ ಶಾಲೆ ಬಿಟ್ಟು ಅಲ್ಲಿಗೆ ಬರುತ್ತೇನೆ. ನಿಮ್ಮ ಬೀದಿಯಲ್ಲೇ ಒಂದು ಕೋಣೆ ಹಿಡಿಯುತ್ತೇನೆ. ಮೊಣಕಾಲು ಇಲ್ಲದಿದ್ದರೂ ನನ್ನ ಬೆನ್ನು, ತೋಳು ಇನ್ನೂ ಗಟ್ಟಿ. ಅವನನ್ನು ಎತ್ತುವುದು ನನಗೆ ಗೊತ್ತು. ಬೇಡ ಎಂದರೆ ಗೇಟಿನಿಂದಲೇ ಹಿಂದಕ್ಕೆ ಹೋಗುತ್ತೇನೆ, ನಿನ್ನ ಮೇಲೆ ಬೇಸರವಿಲ್ಲ.

ಇನ್ನೊಂದು ಉಳಿದಿದೆ. ಅವತ್ತು ನೀನು ಒಳಗೆ ಮೀನು ಕರಿಯುತ್ತಿದ್ದಾಗ ವರಾಂಡದಲ್ಲಿ ನಾವಿಬ್ಬರೇ ಇದ್ದೆವು. ನನ್ನ ಹೆಸರು ಅವನಿಗೆ ಬರಲಿಲ್ಲ. "ಲಾಂಜೊ, ಆ ಐದು ಪದ ಹೇಳೋ" ಎಂದೆ. ಅವನು ಆ ಕಡೆ ಈ ಕಡೆ ನೋಡಿದ, ಹತ್ತಿರ ಯಾರಾದರೂ ಇದ್ದಾರೋ ಎಂದು. ಆಮೇಲೆ ಮೆಲ್ಲಗೆ, "ಏಣಿ. ನಿಂಬೆಹಣ್ಣು" ಎಂದ. ಬಾಯಿ ಮುಚ್ಚಿಕೊಂಡ. ಎರಡು ಬೆರಳಿನಿಂದ ನನ್ನ ತೊಡೆ ತಟ್ಟಿದ. ಉಳಿದದ್ದು ಮರೆತೇ ಹೋಗಿದೆಯೋ, ನಾನು ಅಂದು ಹೇಳಿದ ಮಾತನ್ನು ಇನ್ನೂ ನಡೆಸುತ್ತಿದ್ದಾನೋ ನನಗೆ ಗೊತ್ತಾಗಲಿಲ್ಲ. ಮತ್ತೆ ಕೇಳುವ ಧೈರ್ಯ ಬರಲಿಲ್ಲ. ನೀನು ಕೇಳಿ ನೋಡು ವರ್ಲೀನ್. ಉಳಿದ ಮೂರು ಸೇತುವೆ, ಕಂಬಳಿ, ಗಂಟೆ. ಕೇಳುವಾಗ, ಇನ್ನು ಐದೂ ಹೇಳಬಹುದಂತೆ, ಎಮಿಲ್ ಹೇಳಿದ್ದಾನೆ ಎಂದು ಹೇಳು.